ಕಾಫಿ ಫಿಲ್ಟರಿನಲ್ಲಿ ಲಾರಿ ಎಣ್ಣೆ

ನಾನು ನಿವೃತ್ತಳಾಗಿ ಎಂಟು ತಿಂಗಳಾದ ಮೇಲೆ ಕಂಪನಿಯಿಂದ ಫೋನು ಬಂತು. “ಮೇಡಂ, ಹೊಸದಾಗಿ ಸೇರೋರಿಗೆ ಅಂತ ಒಂದು ಪುಸ್ತಕ ಮಾಡ್ತಿದೀವಿ. ನಿಮ್ಮ ಅನುಭವ ಎರಡು ಪುಟ ಬರ್ದುಕೊಡಿ. ಸ್ವಲ್ಪ ಪಾಸಿಟಿವ್ ಆಗಿರ್ಲಿ” ಎಂದಳು ಆ ಹುಡುಗಿ. ನಾನು ಒಂಬತ್ತು ಪುಟ ಬರೆದು ಕಳಿಸಿದೆ. ಎರಡು ವಾರ ಕಳೆದು ಅದು ಎರಡು ಪುಟವಾಗಿ ತಿರುಗಿ ಬಂತು. ಅದರಲ್ಲಿ ಮುನಿರಾಜು ಇಲ್ಲ, ಕಾಫಿ ಫಿಲ್ಟರ್ ಇಲ್ಲ, ನನ್ನ ತಪ್ಪುಗಳು ಒಂದೂ ಇಲ್ಲ. ಓದಿದರೆ ನಾನು ಯಾರೋ ದೇವತೆ, ನನ್ನ ಮೇಲಿನವರೆಲ್ಲ ಋಷಿಮುನಿಗಳು ಅನ್ನಿಸಬೇಕು, ಹಾಗಿತ್ತು. “ಒಪ್ಪಿಗೆ ಅಂತ ಒಂದು ಮೆಸೇಜ್ ಹಾಕಿ, ಸಾಕು” ಎಂದರು. ಹಾಕಲಿಲ್ಲ. ಹಾಕುವುದೂ ಇಲ್ಲ. ಅದೇ ಒಂಬತ್ತು ಪುಟವನ್ನು ಇಲ್ಲಿ ಮತ್ತೆ ಬರೆಯುತ್ತಿದ್ದೇನೆ, ಖಾರ ಸ್ವಲ್ಪ ಹೆಚ್ಚು ಹಾಕಿ.

ನಮ್ಮದು ಡೀಸೆಲ್, ಪೆಟ್ರೋಲ್ ಸಾಗಿಸುವ ಟ್ಯಾಂಕರ್ ಲಾರಿಗಳ ಕಂಪನಿ. ಸಾರಕ್ಕಿ ಸಿಗ್ನಲ್ಲಿನ ಹಿಂದೆ ಕಚೇರಿ, ಅದಕ್ಕೆ ಅಂಟಿಕೊಂಡು ಲಾರಿ ನಿಲ್ಲುವ ಅಂಗಳ, ಅಂಗಳದ ಮೂಲೆಯಲ್ಲಿ ವರ್ಕ್‌ಶಾಪ್. ನನ್ನ ಮನೆ ತ್ಯಾಗರಾಜನಗರದಲ್ಲಿ. ಅರ್ಧ ಆಯುಸ್ಸು ಇಂಜಿನ್ ಎಣ್ಣೆ ನೋಡಿದೆ, ಉಳಿದರ್ಧ ಪರದೆಯ ಮೇಲೆ ಲಾರಿ ಎಲ್ಲಿದೆ ಎಂದು ನೋಡಿದೆ. ಮನೆಯ ಹತ್ತಿರ ಯಾರಾದರೂ “ವಿಮಲಾ, ನೀವೆಲ್ಲಿ ಕೆಲಸ ಮಾಡೋದು?” ಎಂದು ಕೇಳಿದರೆ “ಎಣ್ಣೆ ಡಿಪಾರ್ಟ್‌ಮೆಂಟ್” ಎನ್ನುತ್ತಿದ್ದೆ. ಪಕ್ಕದ ಮನೆಯ ಹುಡುಗರು ಮುಸಿಮುಸಿ ನಗುತ್ತಿದ್ದರು. ನಗಲಿ, ನನಗೇನಂತೆ.

ಸೇರಿದ್ದು ವರ್ಕ್‌ಶಾಪಿನ ಸ್ಟೋರಿಗೆ. ಬಿಎಸ್ಸಿಯಲ್ಲಿ ಕೆಮಿಸ್ಟ್ರಿ ಓದಿದವಳು ಎಂಬ ಕೊಬ್ಬು ಬೇರೆ. ಅಲ್ಲಿ ಫೋರ್‌ಮನ್ ಆಗಿದ್ದವರು ದಸ್ತಗೀರ್ ಸಾಬ್. ಗಡ್ಡ ಬೆಳ್ಳಗೆ, ಕೈ ಕಪ್ಪಗೆ. ಓದಿದ್ದು ನಾಲ್ಕನೇ ಕ್ಲಾಸು. ನಾನು ಸೇರಿದ ಎರಡನೇ ವಾರ ಅವರು ರಜೆ ಮೇಲೆ ಹೋದರು, ಅಷ್ಟೇ ಸಾಕಾಯಿತು ನನಗೆ. ಅಂಗಳದಲ್ಲಿದ್ದ ಆರು ಲಾರಿಗಳ ಎಣ್ಣೆಯ ಕಡ್ಡಿ ಎಳೆದು ನೋಡಿದೆ. ಎಲ್ಲವೂ ಕಾಡಿಗೆಯಂತೆ ಕಪ್ಪು! ಹೋದ ವಾರವಷ್ಟೇ ಹಾಕಿದ ಎಣ್ಣೆ ಇಷ್ಟು ಬೇಗ ಹಾಳಾಯಿತಲ್ಲ ಎಂದು ಬೆಚ್ಚಿಬಿದ್ದು, ಆರಕ್ಕೆ ಆರೂ ಲಾರಿಗಳ ಎಣ್ಣೆ ಬಸಿಸಿ ಹೊಸದು ಹಾಕಿಸಿದೆ. ಮೇಲಿನವರಿಗೆ ಕಳಿಸಲು ಒಂದು ಪತ್ರ ಬೇರೆ ಬರೆದಿಟ್ಟೆ, ಕಲಬೆರಕೆ ಎಣ್ಣೆ ಬಂದಿದೆ ಎಂದು.

ದಸ್ತಗೀರ್ ಸಾಬ್ ರಜೆ ಮುಗಿಸಿ ಬಂದವರು ಬಸಿದ ಎಣ್ಣೆಯ ಡ್ರಮ್ಮನ್ನು ನೋಡಿ ತಲೆ ಮೇಲೆ ಕೈ ಹೊತ್ತು ಕೂತರು.

“ಏನಮ್ಮಾ, ಬಟ್ಟೆ ಒಗೆದ ನೀರು ಬೆಳ್ಳಗೇ ಇದ್ರೆ ಖುಷಿ ಪಡ್ತೀಯಾ?”

“ಇಲ್ಲ ಸಾಬ್.”

“ಯಾಕಿಲ್ಲ?”

“ಕೊಳೆ ಬಟ್ಟೇಲೇ ಉಳೀತು ಅಂತ ಅರ್ಥ ಅಲ್ವಾ.”

“ಮತ್ತೆ? ಇಂಜಿನ್ ಒಳಗಿನ ಮಸಿ ಎಲ್ಲಾ ಎಣ್ಣೆ ತನ್ ಮೈಮೇಲೆ ತಗೊಂಡ್ರೆ ಕಪ್ಪಾಗ್ದೆ ಕೆಂಪಾಗುತ್ತಾ? ಡೀಸೆಲ್ ಗಾಡಿ ಎಣ್ಣೆ ಕಪ್ಪಾಗ್ದೆ ಇದ್ರೆ ಅನುಮಾನ ಪಡು. ಕಪ್ಪು ನೋಡಿ ಕಳ್ಳ ಅನ್ಬೇಡ.”

ಆರು ಲಾರಿಯ ಒಳ್ಳೆಯ ಎಣ್ಣೆ ಚರಂಡಿ ಪಾಲಾಗುವುದರಲ್ಲಿತ್ತು. ಸಾಬ್ ಅದನ್ನು ಬಟ್ಟೆಯಲ್ಲಿ ಸೋಸಿ ಅಂಗಳದ ಹಳೆಯ ಪಂಪುಗಳಿಗೆ ಹಾಕಿಸಿ, ಆ ಪತ್ರವನ್ನೂ ತಡೆದು, ನನ್ನ ಹೆಸರು ಎಲ್ಲೂ ಬರದಂತೆ ನೋಡಿಕೊಂಡರು. ನಾನು ನಾಚಿಕೆಯಿಂದ ಎರಡು ದಿನ ಊಟದ ಡಬ್ಬಿಯನ್ನು ಸ್ಟೋರಿನ ಒಳಗೇ ತೆರೆದೆ.

ಆಮೇಲೆ ಕಲಿಸಿದರು ನೋಡಿ, ಅದು ಕಲಿಸುವುದು. ಎಣ್ಣೆಯ ಒಂದು ಹನಿಯನ್ನು ಮಸಿ ಹೀರುವ ಕಾಗದದ ಮೇಲೆ ಬಿಡುವುದು, ಕಲೆ ಹೇಗೆ ಹರಡುತ್ತದೆ ನೋಡುವುದು. ಬೆರಳಲ್ಲಿ ಉಜ್ಜುವುದು. ಮೂಸುವುದು. ಎಣ್ಣೆಯಲ್ಲಿ ಡೀಸೆಲ್ ವಾಸನೆ ಬಂದರೆ ಇಂಜಿನ್ನಿನಲ್ಲಿ ಉರಿಯದ ಡೀಸೆಲ್ ಎಣ್ಣೆಗೆ ಇಳಿಯುತ್ತಿದೆ, ಎಣ್ಣೆ ನೀರಾಗುತ್ತಿದೆ ಎಂದು ಅರ್ಥ. “ಆದ್ರೆ ತಣ್ಣಗಿರುವಾಗ ಎಲ್ಲಾ ಎಣ್ಣೇನೂ ಸಾಧೂನೇ ಕಣಮ್ಮ. ಕಾದ್ಮೇಲೆ ಅದರ ಬಣ್ಣ ಗೊತ್ತಾಗೋದು” ಎನ್ನುತ್ತಿದ್ದರು. ಬೆಳಿಗ್ಗೆ ಗಟ್ಟಿಯಾಗಿ ಕಾಣುವ ಎಣ್ಣೆ, ಲೋಡು ಹೊತ್ತು ಏರು ಹತ್ತಿದಾಗ ತಿಳಿಸಾರಿನಂತಾದರೆ ಇಂಜಿನ್ನಿನ ಲೋಹಕ್ಕೆ ಲೋಹ ತಿಕ್ಕುತ್ತದೆ. ಅಲ್ಲಿಗೆ ಮುಗಿಯಿತು ಅದರ ಕಥೆ.

ಕಾದ ಎಣ್ಣೆಯನ್ನು ಅಳೆಯುವ ಯಂತ್ರ ಕೊಡಿಸಿ ಎಂದು ಮೂರು ಸಲ ಅರ್ಜಿ ಹಾಕಿದೆ. ಮೂರು ಸಲವೂ ಉತ್ತರವಿಲ್ಲ. ಹಾಳಾಗಿ ಹೋಗಲಿ ಎಂದು ಮನೆಯ ಹಳೆಯ ಸ್ಟೀಲ್ ಕಾಫಿ ಫಿಲ್ಟರನ್ನು ಚೀಲಕ್ಕೆ ಹಾಕಿಕೊಂಡು ಬಂದೆ. ಸಾಬ್ ಅದರ ತಳದ ತೂತುಗಳಲ್ಲಿ ನಾಲ್ಕನ್ನು ಬಿಟ್ಟು ಉಳಿದವನ್ನೆಲ್ಲ ಬೆಸುಗೆ ಹಾಕಿ ಮುಚ್ಚಿದರು. ಇಡ್ಲಿ ಪಾತ್ರೆಯಲ್ಲಿ ನೀರು ಕುದಿಸಿ, ಅದರೊಳಗೆ ಎಣ್ಣೆಯ ಲೋಟ ಇಟ್ಟು ಬಿಸಿ ಮಾಡುವುದು. ಒಂದು ಲೋಟ ಹೊಸ ಎಣ್ಣೆ, ಒಂದು ಲೋಟ ಲಾರಿಯ ಎಣ್ಣೆ. ಒಂದಾದ ಮೇಲೊಂದು ಫಿಲ್ಟರಿಗೆ ಸುರಿದು ಪೂರ್ತಿ ಇಳಿಯಲು ಎಷ್ಟು ಹೊತ್ತು ಹಿಡಿಯಿತು ಎಂದು ಗಡಿಯಾರ ನೋಡುವುದು. ಲಾರಿಯದ್ದು ಸರಸರ ಇಳಿದರೆ ಅದರ ಸತ್ವ ಹೋಗಿದೆ. ಇಷ್ಟೇ ವಿದ್ಯೆ. ಇದರಲ್ಲಿ ಎಷ್ಟು ಇಂಜಿನ್ ಉಳಿಸಿದೆವೋ ಲೆಕ್ಕ ಇಟ್ಟಿಲ್ಲ.

ಮನೆಯಲ್ಲಿ ನಮ್ಮತ್ತೆ ಫಿಲ್ಟರ್ ಹುಡುಕಿ ಹುಡುಕಿ ಸೋತು, ಕೊನೆಗೆ ನನ್ನ ಬಾಯಿಂದಲೇ ವಿಷಯ ಹೊರಡಿಸಿದರು.

“ನನ್ ಫಿಲ್ಟರಿಗೆ ಲಾರಿ ಎಣ್ಣೆ ಹಾಕ್ದ್ಯೇನೇ?”

“ಹಳೇದು ಅಲ್ವಾ ಅತ್ತೆ, ಹೊಸದು ತಂದುಕೊಡ್ತೀನಿ.”

“ನಮ್ಮಮ್ಮ ಕೊಟ್ಟಿದ್ದು ಕಣೇ ಅದು. ಅಷ್ಟಾದ್ರೂ ಒಳ್ಳೇ ಡಿಕಾಕ್ಷನ್ ಬಿತ್ತಾ?” ಎಂದು ಕೇಳಿ ಅವರೇ ನಕ್ಕುಬಿಟ್ಟರು. ಪುಣ್ಯಾತ್ಮೆ. ಗಾಂಧಿ ಬಜಾರಿನಿಂದ ಹಿತ್ತಾಳೆಯ ಫಿಲ್ಟರ್ ತಂದುಕೊಟ್ಟ ಮೇಲೆ ಆ ಮಾತು ಎತ್ತಲಿಲ್ಲ.

ಸಾಬ್ ಹತ್ತಿರ ಇನ್ನೊಂದು ಆಸ್ತಿ ಇತ್ತು, ಗಂಟೆ ಪುಸ್ತಕ. ಕೆಂಪು ರೆಕ್ಸಿನ್ ರಟ್ಟಿನ ಉದ್ದನೆಯ ಪುಸ್ತಕ. ಪ್ರತಿ ಲಾರಿ ಎಷ್ಟು ಕಿಲೋಮೀಟರ್ ಓಡಿತು ಎಂಬುದರ ಜೊತೆಗೆ, ಇಂಜಿನ್ ಎಷ್ಟು ಗಂಟೆ ಉರಿಯಿತು ಎಂದೂ ಡ್ರೈವರುಗಳನ್ನು ಕೇಳಿ ಬರೆಯುತ್ತಿದ್ದರು. ಕೆಲವು ಟ್ಯಾಂಕರುಗಳು ಬಂಕಿಗೆ ಹೋಗಿ ಕೊಳವೆ ಇಳಿಬಿಟ್ಟು ಸುಮ್ಮನೆ ಖಾಲಿ ಮಾಡಿ ಬರುತ್ತವೆ. ಆದರೆ ಕಲ್ಲು ಕ್ವಾರಿಗೆ ಹೋಗುವ ಟ್ಯಾಂಕರಿಗೆ ಸ್ವಂತ ಪಂಪು ಇರುತ್ತದೆ. ಆ ಪಂಪು ತಿರುಗಬೇಕಾದರೆ ಲಾರಿ ಇಂಜಿನ್ ಉರಿಯುತ್ತಲೇ ಇರಬೇಕು. ಅಲ್ಲಿ ಒಂದೊಂದು ಯಂತ್ರಕ್ಕೂ ಡೀಸೆಲ್ ತುಂಬಿಸಲು ಅರ್ಧ ದಿನ ನಿಂತಲ್ಲೇ ಇಂಜಿನ್ ಓಡುತ್ತದೆ. “ಚಕ್ರ ನಿಂತ್ರೂ ಇಂಜಿನ್ ದುಡೀತಾನೇ ಇರುತ್ತೆ. ಎಣ್ಣೆಗೆ ವಯಸ್ಸಾಗೋದು ರಸ್ತೆಯಿಂದ ಅಲ್ಲ, ಬೆಂಕಿಯಿಂದ” ಎಂದು ಸಾಬ್ ಆ ಪುಸ್ತಕವನ್ನು ಕುರಾನಿನಷ್ಟೇ ಜೋಪಾನವಾಗಿ ಬಟ್ಟೆಯಲ್ಲಿ ಸುತ್ತಿಡುತ್ತಿದ್ದರು. ನಿವೃತ್ತರಾಗುವ ದಿನ ಅದನ್ನು ನನ್ನ ಕೈಗೆ ಕೊಟ್ಟು ಹೋದರು. ಈ ಪುಸ್ತಕ ನೆನಪಿಟ್ಟುಕೊಳ್ಳಿ.

ಆಮೇಲೆ ನನ್ನನ್ನು ಲಾರಿಗಳ ಜಾಡು ಹಿಡಿಯುವ ಕೆಲಸಕ್ಕೆ ಹಾಕಿದರು. ಆಗ ಜಾಡು ಎಂದರೆ ಒಂದು ಕಪ್ಪು ಹಲಗೆ, ಒಂದು ಸೀಮೆಸುಣ್ಣ, ಒಂದು ಫೋನು. ಡ್ರೈವರು ದಾರಿಯಲ್ಲಿ ಬೂತಿನಿಂದ ಫೋನು ಮಾಡಿ ಎಲ್ಲಿದ್ದೇನೆ ಎಂದು ಹೇಳಬೇಕು, ನಾನು ಹಲಗೆಯ ಮೇಲೆ ಬರೆಯಬೇಕು. ಸುಳ್ಳು ಹೇಳುವವರು ಇದ್ದೇ ಇದ್ದರು. ನನ್ನ ಕಿವಿಗೆ ನನ್ನ ಕಿವಿಯೇ ಸಾಟಿ ಎಂದು ಹೆಸರಾಗಿತ್ತು.

ಒಂದು ದಿನ ಬೆಳಿಗ್ಗೆ ಮುನಿರಾಜು ಫೋನು ಮಾಡಿದ. ಸಾರಕ್ಕಿಯ ಹಳೇ ಊರಿನವನು. ಕ್ವಾರಿ ಟ್ಯಾಂಕರಿನ ಡ್ರೈವರು. ಮಾತು ಕಡಿಮೆ, ಮೀಸೆ ಹೆಚ್ಚು.

“ಮೇಡಂ, ಹಾರೋಹಳ್ಳಿ ದಾಟ್ದೆ.”

ಅವನ ಹಿಂದೆಯೇ ಯಾರೋ ಹೆಂಗಸು ಗಂಟಲು ಹರಿಯುವಂತೆ “ದಂಟು, ಪಾಲಕ್, ಸಬ್ಬಕ್ಕೀ” ಎಂದು ಕೂಗುತ್ತಿದ್ದಳು. ಆ ಕೂಗು ನನಗೆ ಗೊತ್ತು, ದಿನಾ ಅವಳ ಹತ್ತಿರವೇ ನಾನು ಸೊಪ್ಪು ಕೊಳ್ಳುವುದು.

“ಮುನಿರಾಜು, ಹಾರೋಹಳ್ಳೀಲಿ ಸಬ್ಬಕ್ಕಿ ಕಟ್ಟು ಹೆಂಗಿದೆ? ನನಗೂ ಎರಡು ತಗೊಳ್ರಿ.”

ಆ ಕಡೆ ಅವನು ಒಮ್ಮೆ ಕೆಮ್ಮಿದ. ಆಮೇಲೆ, “ಸಾರಕ್ಕಿ ಮಾರ್ಕೆಟ್ಟಲ್ಲಿದೀನಿ ಮೇಡಂ. ನಮ್ಮವ್ವನ ಸೊಪ್ಪಿನ ಮೂಟೆ ಇಳಿಸಿಕೊಟ್ಟು ಹೊರಟೆ” ಎಂದ. ಕೂಗುತ್ತಿದ್ದವಳು ಅವನ ತಾಯಿಯೇ. ಅವತ್ತು ಬೈದು ಬಿಟ್ಟುಬಿಟ್ಟೆ. ಆದರೆ ಇವನು ಸುಳ್ಳು ಹೇಳಬಲ್ಲ ಎಂದು ತಲೆಯಲ್ಲಿ ಗಂಟು ಹಾಕಿಕೊಂಡೆ. ಆ ಗಂಟು ಮುಂದೆ ಎಷ್ಟು ಕೆಟ್ಟದ್ದು ಮಾಡಿತು ಹೇಳುತ್ತೇನೆ.

ಕಾಲ ಬದಲಾಯಿತು. ಲಾರಿಗಳಿಗೆಲ್ಲ ಜಿಪಿಎಸ್ ಬಂತು. ಹಲಗೆ ಹೋಗಿ ಗೋಡೆಯಷ್ಟು ದೊಡ್ಡ ಪರದೆ ಬಂತು. ಲಾರಿ ಓಡುತ್ತಿದ್ದರೆ ಹಸಿರು ಚುಕ್ಕೆ, ನಿಲ್ಲಬಾರದ ಕಡೆ ನಿಂತರೆ ಕೆಂಪು ಚುಕ್ಕೆ, ಜೊತೆಗೆ ಕೀಕೀ ಎಂದು ಸದ್ದು. ಹೊಸ ಆಪರೇಷನ್ಸ್ ಮ್ಯಾನೇಜರ್ ಬಂದರು, ಗಿರೀಶ್ ಎಂದು. ಬುದ್ಧಿವಂತ, ಇಸ್ತ್ರಿ ಅಂಗಿ, ಆದರೆ ಒಂದು ದಿನವೂ ಲಾರಿಯ ಕೆಳಗೆ ಬಗ್ಗಿ ನೋಡಿದವರಲ್ಲ. ಮೊದಲನೇ ವಾರವೇ ಒಂದು ಲಾರಿ ಪರದೆಯ ಮೇಲೆ ಸಾರಕ್ಕಿ ಕೆರೆಯ ನಟ್ಟನಡುವೆ ನಿಂತಿತು. ಗಿರೀಶ್ ಎದ್ದು ನಿಂತರು.

“ಮೇಡಂ, ಗಾಡಿ ಕೆರೆಗೆ ಬಿದ್ದಿದೆ! ಫೈರ್ ಸರ್ವಿಸ್‌ಗೆ ಫೋನ್ ಮಾಡಿ!”

“ಸಾರ್, ಡ್ರೈವರಿಗೆ ಮೊದ್ಲು ಫೋನ್ ಮಾಡೋಣ.”

“ಮುಳುಗಿರೋನು ಫೋನ್ ಎತ್ತುತ್ತಾನೇನ್ರೀ?”

ಎತ್ತಿದ. ಕೆರೆ ದಂಡೆಯ ಹತ್ತಿರದ ಸರ್ವೀಸ್ ಸ್ಟೇಷನ್ನಿನಲ್ಲಿ ಲಾರಿ ತೊಳೆಸುತ್ತಿದ್ದ. ಯಂತ್ರ ಸ್ವಲ್ಪ ಅತ್ತಿತ್ತ ತೋರಿಸಿತ್ತು, ಅಷ್ಟೇ. ಇಡೀ ಕಚೇರಿ ನಕ್ಕಿತು, ನಾನೂ ನಕ್ಕೆ. ಆದರೆ ನಕ್ಕವಳು ಪಾಠ ಕಲಿಯಲಿಲ್ಲ. ವರ್ಷ ಕಳೆಯುವಷ್ಟರಲ್ಲಿ ನಾನೂ ಆ ಪರದೆಯ ಭಕ್ತಳಾಗಿದ್ದೆ.

ಒಂದು ದಿನ ಗಿರೀಶ್ ಹೇಳಿದರು, ಇನ್ನು ಮುಂದೆ ಎಣ್ಣೆ ಬದಲಾಯಿಸುವ ದಿನವನ್ನೂ ಸಿಸ್ಟಮೇ ಹೇಳುತ್ತದೆ, ಓಡಿದ ಕಿಲೋಮೀಟರ್ ನೋಡಿ ತಾನೇ ಲೆಕ್ಕ ಹಾಕುತ್ತದೆ, ಆ ಕೆಂಪು ಪುಸ್ತಕ ಯಾಕೆ? ನನಗೂ ಡ್ರೈವರುಗಳ ಹಿಂದೆ ಬಿದ್ದು ಗಂಟೆ ಕೇಳಿ ಬರೆದು ಸಾಕಾಗಿತ್ತು. ಗಂಟೆ ಪುಸ್ತಕ ನಿಲ್ಲಿಸಿದ್ದೇವೆ ಎಂಬ ಕಾಗದಕ್ಕೆ ಸಹಿ ಹಾಕಿದೆ. ಯಾರೂ ನನ್ನ ಕೈ ಹಿಡಿದು ಹಾಕಿಸಲಿಲ್ಲ. ನಾನೇ ಹಾಕಿದೆ. ಕಿಲೋಮೀಟರ್ ಮಾತ್ರ ನೋಡುವ ಸಿಸ್ಟಮಿಗೆ ಕ್ವಾರಿಯಲ್ಲಿ ನಿಂತು ಅರ್ಧ ದಿನ ಉರಿಯುವ ಇಂಜಿನ್ ಮಲಗಿದ ಹಾಗೇ ಕಾಣುತ್ತದೆ ಎಂದು ನನಗೆ ಹೊಳೆಯಲೇ ಇಲ್ಲ. ಹೊಳೆಯಬೇಕಾಗಿತ್ತು. ಇಡೀ ಕಚೇರಿಯಲ್ಲಿ ಅದು ಗೊತ್ತಿದ್ದವಳು ನಾನೊಬ್ಬಳೇ.

ಅದಾಗಿ ಕೆಲವು ತಿಂಗಳಿಗೆ ಮುನಿರಾಜುವಿನ ಚುಕ್ಕೆ ಕೆಂಪಾಗತೊಡಗಿತು. ಕನಕಪುರದಾಚೆ ಕ್ವಾರಿಗೆ ಹತ್ತುವ ಏರಿನಲ್ಲಿ ಒಂದು ಹುಣಸೆಮರದ ತಿರುವು ಇದೆ. ಅಲ್ಲಿ ಪ್ರತಿ ಸಲವೂ ನಿಲ್ಲುತ್ತಿದ್ದ, ಇಪ್ಪತ್ತು ನಿಮಿಷ, ಇಪ್ಪತ್ತೈದು ನಿಮಿಷ. ತಿರುವಿನಲ್ಲಿ ಒಂದು ಗೂಡಂಗಡಿ, ಅದರ ಹಿಂದೆ ಖಾಲಿ ಡ್ರಮ್ಮುಗಳು. ಬೇರೆ ಟ್ಯಾಂಕರುಗಳಿಗೆ ಡಿಜಿಟಲ್ ಬೀಗ ಇತ್ತು. ಪಂಪು ಇರುವ ಈ ಟ್ಯಾಂಕರಿಗೆ ಇರಲಿಲ್ಲ. ಇನ್ನೇನು ಬೇಕು? ನಾನು ವರದಿ ಬರೆದೆ: ಒಂದೇ ಜಾಗ, ಪದೇ ಪದೇ, ಡೀಸೆಲ್ ಕಳವಿನ ಅನುಮಾನ. ಕೆಳಗೆ ನನ್ನ ಸಹಿ.

ಗಿರೀಶ್ ಅವನನ್ನು ಕರೆಸಿದರು. ನಾನೂ ಇದ್ದೆ.

“ಯಾಕಪ್ಪಾ ನಿಲ್ಲಿಸ್ತೀಯ ಅಲ್ಲಿ?”

“ಆಯಿಲ್ ಲೈಟು ಹತ್ತುತ್ತೆ ಸಾರ್. ಏರು ಹತ್ತಿ ತಿರುವಲ್ಲಿ ಆಕ್ಸಲರೇಟರ್ ಬಿಟ್ರೆ ಸಾಕು, ಕೆಂಪುಲೈಟ್ ಬರುತ್ತೆ. ಹಂಗೇ ಓಡಿಸಿದ್ರೆ ಇಂಜಿನ್ ಹಿಡ್ಕೊಳುತ್ತೆ. ಆರೋವರೆಗೂ ನಿಲ್ಲಿಸ್ತೀನಿ.”

ವರ್ಕ್‌ಶಾಪಿನವರು ಮಾರನೇ ದಿನ ಬೆಳಿಗ್ಗೆ ಲಾರಿ ಚಾಲೂ ಮಾಡಿ ನೋಡಿದರು. ಲೈಟು ಹತ್ತಲಿಲ್ಲ. ‘ಗಾಡಿ ಸರಿಯಾಗಿದೆ’ ಎಂದು ಬರೆದುಕೊಟ್ಟರು. ಗಿರೀಶ್ ಮೇಜು ಕುಟ್ಟಿದರು. ಶುಕ್ರವಾರ ಕೆಲಸದಿಂದ ತೆಗೆಯುವುದು, ಅದಾದ ಮೇಲೆ ಪೊಲೀಸ್ ಕಂಪ್ಲೇಂಟು. ಇಂಧನ ಕದ್ದ ಎಂಬ ಹಣೆಪಟ್ಟಿ ಬಿದ್ದರೆ ಅವನಿಗೆ ಬೇರೆ ಯಾರೂ ಟ್ಯಾಂಕರಿನ ಸ್ಟೀರಿಂಗ್ ಮುಟ್ಟಲು ಬಿಡುವುದಿಲ್ಲ. ಅವನಿಗೆ ಗೊತ್ತಿದ್ದ ವಿದ್ಯೆ ಅದೊಂದೇ.

ಬುಧವಾರ ಮಧ್ಯಾಹ್ನ ಮುನಿರಾಜು ಕಂಟ್ರೋಲ್ ರೂಮಿಗೆ ಬಂದು ನನ್ನ ಮೇಜಿನ ಮೇಲೆ ಒಂದು ನೀರಿನ ಬಾಟಲಿ ಇಟ್ಟ. ಒಳಗೆ ಕಪ್ಪು ಎಣ್ಣೆ.

“ಕ್ವಾರಿ ಹತ್ರ ಬಿಸಿ ಇರುವಾಗ್ಲೇ ಹಿಡ್ದಿದ್ದು. ಸೊಪ್ಪಿನ ವಿಷಯ ಸುಳ್ಳು ಹೇಳಿದ್ದೆ, ಒಪ್ಕೊತೀನಿ. ಕಳ್ಳ ಅಲ್ಲ ನಾನು. ದಸ್ತಗೀರ್ ಸಾಬ್ ಇದ್ದಿದ್ರೆ ಇದನ್ನ ಮೂಸಿ ನೋಡ್ತಿದ್ರು. ನೀವೂ ಎಣ್ಣೆ ನೋಡ್ದೋರೇ ಅಲ್ವಾ ಮೇಡಂ? ಈಗ ಬರೀ ಟಿವಿ ನೋಡ್ತಾ ಕೂತಿದೀರ.”

ಹೇಳಿ ಹೊರಟೇಹೋದ. ನನಗೆ ಸಿಟ್ಟು ಬಂತು, ಇವನ ಸೊಕ್ಕೇ ಅನ್ನಿಸಿತು. ಆ ಸಿಟ್ಟಿನಲ್ಲೇ ಮುಚ್ಚಳ ತೆಗೆದು ಮೂಸಿದೆ. ಡೀಸೆಲ್ ವಾಸನೆ ಮೂಗಿಗೆ ಹೊಡೆಯಿತು. ಸ್ಟೋರಿಗೆ ಹೋಗಿ ಆ ಲಾರಿಯ ಎಣ್ಣೆ ಬದಲಾಯಿಸಿದ್ದು ಯಾವಾಗ ಎಂದು ತೆಗೆಸಿದೆ. ಸಿಸ್ಟಮ್ ಪ್ರಕಾರ ಇನ್ನೂ ಬಹಳ ದಿನ ಬಾಕಿ ಇತ್ತು. ಗಂಟೆ ಲೆಕ್ಕ ಹಿಡಿದಿದ್ದರೆ ಎಂದೋ ಬದಲಾಯಿಸಬೇಕಿತ್ತು, ಆದರೆ ಗಂಟೆ ಪುಸ್ತಕವೇ ಇರಲಿಲ್ಲವಲ್ಲ. ನಿಲ್ಲಿಸಿದವಳು ನಾನು, ಕಳ್ಳ ಎಂದು ಬರೆದವಳೂ ನಾನು. ಕೋತಿ ತಾನು ತಿಂದು ಮೇಕೆಯ ಬಾಯಿಗೆ ಒರೆಸಿತು ಅನ್ನುತ್ತಾರಲ್ಲ, ಆ ಕೋತಿ ನಾನೇ. ಅವತ್ತು ಮನೆಯಲ್ಲಿ ಒಂದು ತುತ್ತು ಅನ್ನ ಸೇರಲಿಲ್ಲ.

ಗುರುವಾರ ಬೆಳಿಗ್ಗೆ ಇಡ್ಲಿ ಪಾತ್ರೆ, ಬೆಸುಗೆ ಹಾಕಿದ ಆ ಫಿಲ್ಟರ್, ಎರಡು ಲೋಟ ಹಿಡಿದು ನೇರ ಯಜಮಾನರ ಕೋಣೆಗೆ ಹೋದೆ. ಅವರನ್ನು ನಾವೆಲ್ಲ ದೊಡ್ಡ ಸಾರ್ ಎನ್ನುತ್ತಿದ್ದೆವು. ಗಿರೀಶ್ ಕೂಡ ಅಲ್ಲೇ ಇದ್ದರು. ಕರೆಂಟ್ ಒಲೆಯ ಮೇಲೆ ಪಾತ್ರೆ ಇಟ್ಟೆ.

“ಏನ್ ಮೇಡಂ, ಅಡುಗೆ ಕಾರ್ಯಕ್ರಮನಾ?” ಎಂದರು ಗಿರೀಶ್.

“ಹೌದು ಸಾರ್. ನಿಮ್ಮದೂ ನನ್ನದೂ ಇಬ್ಬರದೂ ಬೇಯ್ಸೋ ಕಾರ್ಯಕ್ರಮ. ಕೂತ್ಕೊಳ್ಳಿ.”

ನೀರು ಕುದಿಯಿತು, ಎಣ್ಣೆ ಕಾಯಿತು. ಮೊದಲು ಹೊಸ ಎಣ್ಣೆ ಸುರಿದೆ. ಆಗಷ್ಟೇ ಬಂದ ಕಾಫಿಯನ್ನು ದೊಡ್ಡ ಸಾರ್ ಆರಿಸಿ ಕುಡಿದು ಲೋಟ ಕೆಳಗಿಟ್ಟರು, ಎಣ್ಣೆ ಇನ್ನೂ ತೊಟ್ಟಿಕ್ಕುತ್ತಿತ್ತು. ಅದು ಮುಗಿದ ಮೇಲೆ ಫಿಲ್ಟರ್ ಒರೆಸಿ ಮುನಿರಾಜುವಿನ ಎಣ್ಣೆ ಸುರಿದೆ. ಅವರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಳ್ಳುವಷ್ಟರಲ್ಲಿ ಎಲ್ಲಾ ಇಳಿದುಹೋಗಿತ್ತು.

“ಬೆಳಿಗ್ಗೆ ತಣ್ಣಗಿದ್ದಾಗ ನೋಡಿದ್ರೆ ಲೈಟ್ ಎಲ್ಲಿ ಹತ್ತುತ್ತೆ ಸಾರ್? ಎಣ್ಣೆ ಕಾದು ತೆಳ್ಳಗಾಗಿ ಒತ್ತಡ ಇಳಿದಾಗ ಹತ್ತೋದು, ಆಗ ನೋಡ್ಬೇಕು. ಆ ಮನುಷ್ಯ ನಿಲ್ಲಿಸ್ದೆ ಇದ್ದಿದ್ರೆ ಇಷ್ಟೊತ್ತಿಗೆ ನಿಮ್ಮ ಇಂಜಿನ್ ಗುಜರಿಗೆ ಹೋಗಿರೋದು. ನಿಮ್ಮ ಗಾಡಿ ಉಳಿಸಿದ್ದಕ್ಕೆ ಅವನಿಗೆ ಕಳ್ಳ ಅಂತ ಬಿರುದು ಕೊಟ್ಟಿದೀವಿ.”

“ಸಾರ್, ಇದೆಲ್ಲಾ ಸೈಂಟಿಫಿಕ್ ಅಲ್ಲ” ಎಂದರು ಗಿರೀಶ್.

“ಹಂಗಾದ್ರೆ ಹೊಸ ಎಣ್ಣೆ ಹಾಕಿ ಅದೇ ದಾರೀಲಿ ಕಳಿಸಿ. ಗಾಡಿ ತಿರುವಲ್ಲಿ ನಿಂತ್ರೆ ಅವನ ಜೊತೆ ನನ್ನನ್ನೂ ತೆಗೀರಿ. ಇಲ್ಲೇ ಬರ್ದುಕೊಡ್ತೀನಿ.”

ದೊಡ್ಡ ಸಾರ್ ನನ್ನನ್ನೇ ನೋಡಿದರು. “ಏನಮ್ಮ ವಿಮಲಾ, ವರದಿ ಬರೆದೋಳೇ ನೀನಲ್ವಾ?”

“ನಾನೇ ಸಾರ್. ಅದಕ್ಕೇ ಒಲೆ ಹೊತ್ಕೊಂಡು ನಾನೇ ಬಂದಿರೋದು.”

ಮಧ್ಯಾಹ್ನ ಎಣ್ಣೆ ಬದಲಾಯಿಸಿ, ಟ್ಯಾಂಕರ್ ತುಂಬಿಸಿ ಕಳಿಸಿದರು. ಇದು ಪರೀಕ್ಷೆ ಎಂದು ಮುನಿರಾಜುವಿಗೆ ಹೇಳಿರಲಿಲ್ಲ. ಕಂಟ್ರೋಲ್ ರೂಮಿನಲ್ಲಿ ಎಲ್ಲರೂ ಪರದೆಯ ಮುಂದೆ. ಕನಕಪುರ ದಾಟಿತು. ಏರು ಶುರುವಾಯಿತು. ಹುಣಸೆಮರದ ತಿರುವಿಗೆ ಬಂದ ಕೂಡಲೇ ಚುಕ್ಕೆ ನಿಂತುಬಿಟ್ಟಿತು. ಗಿರೀಶ್ ಗಂಟಲು ಸರಿಮಾಡಿಕೊಂಡರು. ತಲೆ ಮೇಲೆ ತಲೆ ಬಿದ್ದರೂ ಫೋನು ಮಾಡಬಾರದು ಎಂದು ಕೈಕಟ್ಟಿ ನಿಂತೆ. ಮಾಡಿದರೆ ಹೇಳಿಕೊಟ್ಟೆ ಅನ್ನುತ್ತಾರೆ. ಮೂರು ನಿಮಿಷ. ಆಮೇಲೆ ಚುಕ್ಕೆ ಒಂದೇ ನೆಗೆತಕ್ಕೆ ಕ್ವಾರಿಯ ಬಾಗಿಲಲ್ಲಿ ಕಂಡಿತು. ಏರಿನಲ್ಲಿ ಜಿಪಿಎಸ್ ಸಿಗ್ನಲ್ ಸಿಕ್ಕಿರಲಿಲ್ಲ, ಗಾಡಿ ಎಲ್ಲೂ ನಿಂತಿರಲಿಲ್ಲ. ಮೂರು ನಿಮಿಷದಲ್ಲಿ ಅಷ್ಟು ದೂರ ಹತ್ತಿದ ಗಾಡಿ ಮಧ್ಯೆ ನಿಂತು ಡೀಸೆಲ್ ಇಳಿಸಲು ಸಾಧ್ಯವೇ ಇಲ್ಲ ಎಂದು ಗಿರೀಶರೇ ಲೆಕ್ಕ ಹಾಕಿ ಹೇಳಬೇಕಾಯಿತು. ನನಗೆ ಅಳು ಬಂತು. ಅತ್ತೆ. ಎಲ್ಲರ ಎದುರಿಗೇ ಅತ್ತೆ, ಅದರಲ್ಲಿ ಏನು ನಾಚಿಕೆ.

ಕಥೆ ಇಲ್ಲಿಗೆ ಮುಗಿಯಲಿಲ್ಲ. ಮುನಿರಾಜುವಿನ ಕೆಲಸ ಉಳಿಯಿತು, ಆದರೆ ಸಿಸ್ಟಮಿನಲ್ಲಿ ಅವನ ಹೆಸರಿನ ಮುಂದೆ ಕೆಂಪು ಗುರುತು ಹಾಗೇ ಇತ್ತು. ಅದನ್ನು ತೆಗೆಯಬೇಕಾದರೆ ಕೇಸು ಮುಚ್ಚಬೇಕು. ಕೇಸು ಮುಚ್ಚಬೇಕಾದರೆ ‘ಹೊಣೆ ಯಾರು’ ಎಂಬಲ್ಲಿ ಒಂದನ್ನು ಆರಿಸಲೇಬೇಕು: ಡ್ರೈವರ್, ವಾಹನ, ಕಂಟ್ರೋಲ್ ರೂಮ್. ವಾಹನ ಎಂದು ಆರಿಸಲು ವರ್ಕ್‌ಶಾಪಿನ ಕಾಗದ ಬೇಕು. ಅವರು ಆಗಲೇ ‘ಸರಿಯಾಗಿದೆ’ ಎಂದು ಬರೆದಾಗಿತ್ತು, ತಿದ್ದುವುದಿಲ್ಲ ಎಂದರು. ಗಿರೀಶ್ ಸಮಾಧಾನ ಹೇಳಿದರು. “ಬಿಡಿ ಮೇಡಂ. ಡ್ರೈವರ್ ಅಂತ ಹಾಕಿ, ಪಕ್ಕದಲ್ಲಿ ಎಚ್ಚರಿಕೆ ನೀಡಲಾಗಿದೆ ಅಂತ ಬರೆಯೋಣ. ಅವನಿಗೇನು ಇಂಗ್ಲಿಷ್ ಓದಕ್ಕೆ ಬರುತ್ತಾ?”

ಆ ಕೊನೆಯ ಮಾತಿಗೆ ನನ್ನ ಮೈ ಉರಿದುಹೋಯಿತು. ಉಪ್ಪು ತಿಂದವರು ನೀರು ಕುಡಿಯಬೇಕು. ಕಂಟ್ರೋಲ್ ರೂಮ್ ಎಂದು ಆರಿಸಿದೆ. ಹೆಸರು ಕೇಳಿತು, ನನ್ನ ಹೆಸರು ಹಾಕಿದೆ. ಕಾರಣ ಎಂಬಲ್ಲಿ ಬರೆದೆ: ಗಂಟೆ ಪುಸ್ತಕ ನಿಲ್ಲಿಸಿದ್ದು ನಾನು, ಕಾದ ಎಣ್ಣೆ ನೋಡದೆ ಮನುಷ್ಯನನ್ನು ಅನುಮಾನಿಸಿದ್ದು ನಾನು. ಬಟನ್ ಒತ್ತಿದೆ. ಮುನಿರಾಜುವಿನ ಹೆಸರು ಹಸಿರಾಯಿತು, ನನ್ನದು ಕೆಂಪಾಯಿತು. ಮಾರನೇ ದಿನದಿಂದ ಗಂಟೆ ಪುಸ್ತಕ ಮತ್ತೆ ಶುರು ಮಾಡಿದೆ, ಯಾರ ಅಪ್ಪಣೆಗೂ ಕಾಯಲಿಲ್ಲ. ಮುನಿರಾಜು ಥ್ಯಾಂಕ್ಸ್ ಹೇಳಲಿಲ್ಲ, ಹೇಳಬೇಕಾಗಿಯೂ ಇರಲಿಲ್ಲ. ಅವನ ತಾಯಿ ಮಾತ್ರ ಸೊಪ್ಪು ಕೊಳ್ಳಲು ಹೋದಾಗ ನನ್ನ ಮುಖ ನೋಡದೆ ಮೂರು ತಿಂಗಳು ಕಟ್ಟು ಕೊಟ್ಟಳು. ನಾಲ್ಕನೇ ತಿಂಗಳು ತಲೆಯೆತ್ತಿ “ಸಬ್ಬಕ್ಕಿ ಎಳೇದಿದೆ, ತಗೊಳ್ಳವ್ವ” ಎಂದಳು.

ನಿವೃತ್ತಿಯ ದಿನ ಎಚ್‌ಆರ್ ಹುಡುಗಿ ನನ್ನ ಫೈಲು ತೆರೆದು ಪಿಸುದನಿಯಲ್ಲಿ ಹೇಳಿದಳು. “ಮೇಡಂ, ಇಷ್ಟು ವರ್ಷದ ಸರ್ವೀಸಲ್ಲಿ ಒಂದೇ ಒಂದು ರೆಡ್ ರಿಮಾರ್ಕ್ ಇದೆ. ಹೋಗೋ ಮುಂಚೆ ತೆಗೆಸಿಬಿಡ್ಲಾ? ಒಂದು ರಿಕ್ವೆಸ್ಟ್ ಲೆಟರ್ ಕೊಡಿ, ಸಾಕು.”

“ಅದನ್ನ ತೆಗೆದ್ರೆ ಆ ಕೇಸು ಏನಾಗುತ್ತಮ್ಮ?”

ಅವಳು ಎರಡು ಬಟನ್ ಒತ್ತಿ ನೋಡಿದಳು. “ರೀಓಪನ್ ಆಗುತ್ತೆ ಮೇಡಂ. ಹೊಣೆ ವಾಪಸ್ ಡ್ರೈವರ್ ಹೆಸರಿಗೆ ಹೋಗುತ್ತೆ.”

“ಮುಟ್ಟಬೇಡ” ಎಂದೆ. “ಯಾರು ಹೇಳಿದ್ರೂ ಮುಟ್ಟಬೇಡ. ಅದು ನನ್ನದು.”